ರೂಪವನ್ನು ಕಳಚಿದ ತಾಯಿ: ಕಾರೈಕ್ಕಾಲ್ ಅಮ್ಮೈಯಾರ್

ಮುಪ್ಪನ್ನು ಕುರಿತು ಶರಣರು ಆಡಿದ ಮಾತುಗಳು ಹೆಚ್ಚಾಗಿ ಎಚ್ಚರಿಕೆಯ ಮಾತುಗಳು. ದೇಹವು ಕುಂದುವ ಮುನ್ನವೇ ಶಿವನನ್ನು ನೆನೆಯಬೇಕೆಂಬುದು ಅವುಗಳ ಆಶಯ. ಆದರೆ ಹೆಣ್ಣಿಗೆ ಮುಪ್ಪು ಬಂದಾಗ ಕುಂದುವುದು ಬಲವೊಂದೇ ಅಲ್ಲ. ಲೋಕವು ಅವಳನ್ನು ನೋಡುವ ಬಗೆ ಬದಲಾಗುತ್ತದೆ, ಲೋಕದ ಕಣ್ಣಿನಿಂದಲೇ ತನ್ನನ್ನು ಕಾಣಲು ಕಲಿತಿದ್ದ ಅವಳ ದೃಷ್ಟಿಯೂ ಬದಲಾಗಬೇಕಾಗುತ್ತದೆ. ಈ ಬದಲಾವಣೆಯ ಅತ್ಯಂತ ಹಳೆಯ ಸಾಕ್ಷ್ಯಗಳಲ್ಲೊಂದು ಬೌದ್ಧರ ಥೇರೀಗಾಥೆಯಲ್ಲಿದೆ. ವೈಶಾಲಿಯ ಗಣಿಕೆಯಾಗಿದ್ದು ಭಿಕ್ಷುಣಿಯಾದ ಅಂಬಪಾಲಿಯು ಕೇಶದಿಂದ ಪಾದದವರೆಗೆ ಒಂದೊಂದೇ ಅಂಗವನ್ನು ಹೆಸರಿಸಿ, ಅಂದು ಹೇಗಿತ್ತು, ಇಂದು ಹೇಗಾಗಿದೆ ಎಂದು ಲೆಕ್ಕವೊಪ್ಪಿಸುತ್ತಾಳೆ. ಅಲ್ಲಿ ಅಳಲಿಲ್ಲ. ಆದರೂ ಅದು ಲೆಕ್ಕವೇ; ಗಂಡಸರ ಕಣ್ಣು ಯಾವ ಯಾವ ಅಂಗವನ್ನು ಮೆಚ್ಚಿತ್ತೋ ಅದೇ ಕ್ರಮದಲ್ಲಿ ಆಕೆಯ ಪದ್ಯಗಳೂ ಸಾಗುತ್ತವೆ.

ಶೈವರ ಅರವತ್ತಮೂವರು ಪುರಾತನರಲ್ಲಿ ಒಬ್ಬಳಾದ ಕಾರೈಕ್ಕಾಲ್ ಅಮ್ಮೈಯಾರಳದು ಇದಕ್ಕಿಂತ ವಿಚಿತ್ರವಾದ ಕಥೆ. ಆಕೆಗೆ ಮುಪ್ಪು ಬರಲಿಲ್ಲ. ಆಕೆಯೇ ಅದನ್ನು ಬೇಡಿ ಪಡೆದಳು.

ಕಾಲ ಸುಮಾರು 6ನೆಯ ಶತಮಾನ, ಊರು ಕಡಲತೀರದ ಕಾರೈಕ್ಕಾಲ್. ವರ್ತಕನ ಮಗಳಾದ ಪುನೀತವತಿಯನ್ನು ಪರಮದತ್ತನೆಂಬ ವರ್ತಕನಿಗೆ ಕೊಟ್ಟು ಮದುವೆ ಮಾಡಿದ್ದರು. ಗಂಡನು ಕಳುಹಿಸಿದ ಎರಡು ಮಾವಿನಹಣ್ಣುಗಳಲ್ಲಿ ಒಂದನ್ನು ಆಕೆ ಹಸಿದು ಬಂದ ಶಿವಭಕ್ತನಿಗೆ ನೀಡಿದಳು. ಊಟಕ್ಕೆ ಕುಳಿತ ಗಂಡನು ಉಳಿದುದನ್ನು ತಿಂದು ಇನ್ನೊಂದನ್ನು ಕೇಳಿದಾಗ ಶಿವನನ್ನು ಪ್ರಾರ್ಥಿಸಿದಳು. ಕೈಗೆ ಹಣ್ಣು ಬಂದಿತು. ಅದರ ರುಚಿಯೇ ಬೇರೆಯಾದ್ದರಿಂದ ಅವನು ನಿಜವನ್ನು ಕೇಳಿ ತಿಳಿದನು, ತಿಳಿದು ಬೆದರಿದನು. ಇವಳು ಮಾನವಳಲ್ಲವೆಂದು ಬಗೆದು, ವ್ಯಾಪಾರದ ನೆಪದಲ್ಲಿ ಹಡಗನ್ನೇರಿ ಹೋಗಿ, ಪಾಂಡ್ಯನಾಡಿನಲ್ಲಿ ಬೇರೊಂದು ಮದುವೆಯಾದನು. ಬಂಧುಗಳು ಪುನೀತವತಿಯನ್ನು ಪಲ್ಲಕ್ಕಿಯಲ್ಲಿ ಅಲ್ಲಿಗೆ ಕರೆದೊಯ್ದಾಗ, ಅವನು ಹೊಸ ಹೆಂಡತಿ ಮಗಳೊಡನೆ ಬಂದು ಆಕೆಯ ಕಾಲಿಗೆರಗಿದನು. ಆಗ ಆಕೆ ಶಿವನಲ್ಲಿ ಬೇಡಿದ್ದು ಇಷ್ಟೇ: ಗಂಡನಿಗಾಗಿ ಹೊತ್ತಿದ್ದ ಈ ಚೆಲುವಿನ ಮಾಂಸವು ಕಳಚಲಿ, ನಿನ್ನ ಗಣದಲ್ಲಿರುವ ಪೇಯ್‌ಗಳ, ಎಂದರೆ ಪಿಶಾಚಿಗಳ, ರೂಪವು ಬರಲಿ. ಕ್ಷಣಮಾತ್ರದಲ್ಲಿ ತರುಣಿಯ ಮೈ ಎಲುಬಿನ ಗೂಡಾಯಿತು. ಕಂಡವರು ಬೆದರಿ ಓಡಿದರು. ಒಡೆಯನು ತನ್ನನ್ನು ಅರಿತಿದ್ದರೆ, ಅರಿಯದ ಜನರ ಕಣ್ಣಿಗೆ ಯಾವ ರೂಪದಲ್ಲಿ ಕಂಡರೇನೆಂಬುದು ಆಕೆಯ ನಿಲುವು. ಕೈಲಾಸವನ್ನು ಕಾಲಿನಿಂದ ಮೆಟ್ಟಬಾರದೆಂದು ತಲೆಯ ಮೇಲೆ ನಡೆದು ಬಂದವಳನ್ನು, ತಾಯಿಯಿಲ್ಲದ ಶಿವನು 'ಅಮ್ಮಾ' ಎಂದು ಕರೆದನು.

ಈ ಚರಿತೆ ಬರುವುದು ಸೇಕ್ಕಿಳಾರನ ಪೆರಿಯ ಪುರಾಣದಲ್ಲಿ. ಅವನು 12ನೆಯ ಶತಮಾನದವನು, ಎರಡನೆಯ ಕುಲೋತ್ತುಂಗ ಚೋಳನ ಕಾಲದವನು. ಅಮ್ಮೈಯಾರಳಿಗೂ ಅವನಿಗೂ ನಡುವೆ ಸುಮಾರು 600 ವರ್ಷಗಳ ಅಂತರವಿದೆ. ಆಕೆಯವೇ ಆದ ಕೃತಿಗಳು ಉಳಿದಿವೆ: 101 ಪದ್ಯಗಳ ಅರ್ಪುತತ್ ತಿರುವಂದಾದಿ, 20 ಪದ್ಯಗಳ ತಿರುವಿರಟ್ಟೈ ಮಣಿಮಾಲೈ, ತಿರುವಾಲಂಗಾಡಿನ ನಟರಾಜನನ್ನು ಕುರಿತ ಎರಡು ಪದಿಗಗಳು. ಇವುಗಳಲ್ಲಿ ಗಂಡನಿಲ್ಲ, ಮದುವೆಯಿಲ್ಲ, ಮಾವಿನಹಣ್ಣಿಲ್ಲ. ಕಳೆದುಹೋದ ಚೆಲುವಿನ ಸುಳಿವೂ ಇಲ್ಲ. ಮಾತು ಕಲಿತಂದಿನಿಂದಲೇ ತಾನು ಶಿವನಿಗೆ ಒಲಿದವಳೆಂದು ಆಕೆ ಹೇಳಿಕೊಳ್ಳುತ್ತಾಳೆ. ತನ್ನನ್ನು 'ಕಾರೈಕ್ಕಾಲ್ ಪೇಯ್' ಎಂದು ಕರೆದುಕೊಳ್ಳುತ್ತಾಳೆ. ಜೋತುಬಿದ್ದ ಎದೆ, ಉಬ್ಬಿದ ನರ, ಒಣಗಿದ ಹೊಟ್ಟೆಯ ಹೆಣ್ಣುಪಿಶಾಚಿಯನ್ನು ಆಕೆ ವರ್ಣಿಸುವಾಗ ನಾಚಿಕೆಯಾಗಲಿ ಮರುಕವಾಗಲಿ ಇಲ್ಲ. ಸುಡುಗಾಡಿನ ಕುಣಿತಕ್ಕೆ ಸಲ್ಲುವ ಮೈಯದು, ಅಷ್ಟೇ.

8ನೆಯ ಶತಮಾನದ ಸುಂದರರೂ ಪುರಾತನರ ಸಾಲಿನಲ್ಲಿ ಆಕೆಯನ್ನು ಪೇಯ್ ಎಂದಷ್ಟೇ ಸ್ಮರಿಸುತ್ತಾರೆ. ಕಾಂಬೋಡಿಯದ ಬಾಂತೆಯ್ ಸ್ರೈ ದೇವಾಲಯ (ಕ್ರಿ.ಶ. 967) ಮತ್ತು ಒಂದನೆಯ ರಾಜೇಂದ್ರ ಚೋಳನ ಗಂಗೈಕೊಂಡಚೋಳಪುರ, ಎರಡರಲ್ಲಿಯೂ ಕುಣಿಯುವ ಶಿವನ ಕಾಲಬಳಿ ಕೃಶಳಾದ ಹೆಂಗಸೊಬ್ಬಳು ಕಾಣುತ್ತಾಳೆ, ವಿದ್ವಾಂಸರು ಆಕೆಯನ್ನು ಅಮ್ಮೈಯಾರಳೆಂದೇ ಗುರುತಿಸಿದ್ದಾರೆ. ಎರಡೂ ಸೇಕ್ಕಿಳಾರನಿಗಿಂತ ಹಿಂದಿನವು. ಒಣಗಿದ ಮೈ ಮೊದಲು ಬಂದಿತು, ಅದಕ್ಕೆ ಕಾರಣ ಹೇಳುವ ಗಂಡನ ಕಥೆ ನಮಗೆ ದೊರೆಯುವುದು ಆಮೇಲೆ. ಹೆಣ್ಣೊಬ್ಬಳು ಚೆಲುವನ್ನು ಲೆಕ್ಕಿಸದೆ ಇದ್ದಾಳೆಂದರೆ ಅದರ ಹಿಂದೆ ಗಂಡಸೊಬ್ಬನ ತ್ಯಾಗವೋ ತಿರಸ್ಕಾರವೋ ಇರಲೇಬೇಕೆಂದು ಚರಿತೆಕಾರರಿಗೆ ತೋರಿರಬಹುದು. ಇಂದಿಗೂ ಹಲವರಿಗೆ ಹಾಗೆಯೇ ತೋರುತ್ತದೆ.

ತಮಿಳರ ಅವ್ವೈಯಾರಳ ಐತಿಹ್ಯವೂ ಇದಕ್ಕೆ ಸಮೀಪದ್ದು. ಮದುವೆಯನ್ನು ತಪ್ಪಿಸಿಕೊಳ್ಳಲು ಆಕೆ ವಿನಾಯಕನಲ್ಲಿ ಮುಪ್ಪನ್ನು ಬೇಡಿದಳಂತೆ. ಮುದುಕಿಯಾದ ಮೇಲೆ ಊರೂರು ತಿರುಗಲು, ಅರಸರಿಗೆ ಬುದ್ಧಿ ಹೇಳಲು ಯಾರ ಅಡ್ಡಿಯೂ ಇರಲಿಲ್ಲ. ಮುಪ್ಪು ಇಲ್ಲಿ ನಷ್ಟವಲ್ಲ, ರಹದಾರಿ. ಅದು ಸಮಾಧಾನದ ಸಂಗತಿಯಂತೆ ಕಂಡರೂ, ತರುಣಿಯಾಗಿಯೇ ನಡೆಯಲು ಆ ದಾರಿ ಏಕೆ ತೆರೆದಿರಲಿಲ್ಲವೆಂಬ ಪ್ರಶ್ನೆಯನ್ನು ಉಳಿಸುತ್ತದೆ. 12ನೆಯ ಶತಮಾನದಲ್ಲಿ ಆ ದಾರಿಯಲ್ಲಿ ನಡೆದವಳು ಉಡುತಡಿಯ ಅಕ್ಕಮಹಾದೇವಿ. ಆಕೆ ಮುಪ್ಪನ್ನು ಬೇಡಲಿಲ್ಲ. ಕಲ್ಯಾಣಕ್ಕೆ ಬಂದಾಗ, ಮೈಯ ಹಂಗನ್ನು ತೊರೆದವಳಿಗೆ ಕೂದಲಿನ ಮರೆಯೇಕೆಂದು ಅಲ್ಲಮಪ್ರಭುಗಳು ಕೇಳಿದ ಪ್ರಸಂಗ ಶೂನ್ಯಸಂಪಾದನೆಯಲ್ಲಿದೆ. ಆ ಮರೆಯು ತನಗಾಗಿ ಅಲ್ಲ, ನೋಡುವವರ ಸಲುವಾಗಿ ಎಂಬುದು ಆಕೆಯ ಉತ್ತರದ ತಿರುಳು. ದೋಷವಿದ್ದರೆ ಅದು ಮೈಯಲ್ಲಿಲ್ಲ, ಕಣ್ಣಿನಲ್ಲಿದೆ ಎಂದು ಇಷ್ಟು ನೇರವಾಗಿ ಅಮ್ಮೈಯಾರಳೂ ಹೇಳಿರಲಿಲ್ಲ.

ಕಾರೈಕ್ಕಾಲಿನಲ್ಲಿ ಪ್ರತಿವರ್ಷ ನಡೆಯುವ ಮಾಂಗನಿ ಉತ್ಸವದಲ್ಲಿ ಪುನೀತವತಿಯ ಮದುವೆಯನ್ನು ಮತ್ತೆ ಮಾಡುತ್ತಾರೆ, ಮಾವಿನಹಣ್ಣುಗಳನ್ನು ಎರಚುತ್ತಾರೆ. ಅಲ್ಲಿ ನೆನೆಯುವುದು ಮದುವಣಗಿತ್ತಿಯನ್ನು. ಶಿವಾಲಯಗಳ ಪ್ರಾಕಾರದಲ್ಲಿಯೋ ಬೇರೆ. ಅರವತ್ತಮೂವರ ಸಾಲಿನಲ್ಲಿ ಹೆಂಗಸರು ಮೂವರೇ. ಅವರಲ್ಲಿ ಮಂಗೈಯರ್ಕರಸಿ ರಾಣಿ, ಇಸೈಜ್ಞಾನಿ ಸುಂದರರ ತಾಯಿ. ಉಳಿದವರೆಲ್ಲ ಕೈಮುಗಿದು ನಿಂತಿರುವಾಗ, ಪಕ್ಕೆಲುಬು ಕಾಣುವ ಮುದುಕಿಯೊಬ್ಬಳು ಮಾತ್ರ ತಾಳ ಹಿಡಿದು ಕುಳಿತಿರುತ್ತಾಳೆ.