ಗೇಮ್ ಬಾಯ್ ಯಂತ್ರವೂ ಅದರ ಎಮ್ಯುಲೇಟರುಗಳೂ: ಒಂದು ಆಕರವಿಚಾರ

ಇತಿಹಾಸದ ಆಕರಗಳೆಂದೊಡನೆ ಶಾಸನ, ಓಲೆಗರಿ, ಕಡತ, ನಾಣ್ಯ ಮೊದಲಾದುವು ನಮ್ಮ ನೆನಪಿಗೆ ಬರುತ್ತವೆ. ಇಪ್ಪತ್ತನೆಯ ಶತಮಾನದ ಕೊನೆಯ ದಶಕಗಳ ಜನಜೀವನವನ್ನು ಬರೆಯಹೊರಡುವವರು ಇವುಗಳೊಡನೆ ಇನ್ನೊಂದು ಬಗೆಯ ಆಕರವನ್ನೂ ಗಮನಿಸಬೇಕಾಗಿದೆ. ಅಂಗೈಯಲ್ಲಿ ಹಿಡಿದು ಆಡುತ್ತಿದ್ದ ವಿದ್ಯುನ್ಮಾನ ಆಟಗಳೇ ಆ ಆಕರ. ಇವುಗಳ ಪೈಕಿ ಹೆಸರಾಂತ ಗೇಮ್ ಬಾಯ್ ಮತ್ತು ಅದರ ಬಣ್ಣದ ರೂಪವಾದ ಗೇಮ್ ಬಾಯ್ ಕಲರ್ ಎರಡೂ ಸೇರಿ ೧೧ ಕೋಟಿ ೮೬ ಲಕ್ಷಕ್ಕೂ ಹೆಚ್ಚು ಯಂತ್ರಗಳು ಮಾರಾಟವಾದುವು. ಇಂದು ಆ ಆಟಗಳನ್ನು ನೋಡಬಯಸುವ ಅನೇಕರು ಮೂಲಯಂತ್ರವನ್ನು ಮುಟ್ಟುವುದೇ ಇಲ್ಲ. ಎಮ್ಯುಲೇಟರ್ ಎಂಬ ತಂತ್ರಾಂಶದ ನೆರವಿನಿಂದ ಗಣಕಯಂತ್ರದಲ್ಲಿಯೇ ಆಡುತ್ತಾರೆ. ಹೀಗೆ ದೊರೆಯುವ ಆಟವನ್ನು ಮೂಲ ಆಕರವೆಂದು ಎಣಿಸಬಹುದೆ? ಎಣಿಸುವುದಾದರೆ ಎಷ್ಟರಮಟ್ಟಿಗೆ? ಈ ಪ್ರಶ್ನೆಯನ್ನು ಇಲ್ಲಿ ಸಂಗ್ರಹವಾಗಿ ವಿವೇಚಿಸಲು ಉದ್ದೇಶಿಸಿದ್ದೇವೆ.

೧

ಮೊದಲು ಮೂಲಯಂತ್ರದ ಪರಿಚಯ ಅಗತ್ಯ. ಜಪಾನಿನ ಕ್ಯೋಟೋ ನಗರದ ನಿಂಟೆಂಡೊ ಸಂಸ್ಥೆಯು ಗೇಮ್ ಬಾಯ್ ಯಂತ್ರವನ್ನು ೧೯೮೯ರ ಏಪ್ರಿಲ್ ೨೧ರಂದು ಹೊರತಂದಿತು. ಗುನ್‌ಪೇ ಯೊಕೊಯಿ ಅವರ ವಿಭಾಗದಲ್ಲಿ ಸತೋರು ಒಕಾಡ ಮೊದಲಾದವರು ಇದನ್ನು ರೂಪಿಸಿದರು. ಹೊಸದೂ ದುಬಾರಿಯೂ ಆದ ತಂತ್ರವನ್ನು ಅರಸದೆ, ಬಳಕೆಯಲ್ಲಿ ಪಳಗಿ ಅಗ್ಗವಾಗಿರುವ ತಂತ್ರವನ್ನೇ ಹೊಸ ಕೆಲಸಕ್ಕೆ ಒಗ್ಗಿಸಿಕೊಳ್ಳಬೇಕೆಂಬುದು ಯೊಕೊಯಿಯವರ ಮತ. ಅಂತೆಯೇ ಈ ಯಂತ್ರದ ತೆರೆಗೆ ಬಣ್ಣವಿರಲಿಲ್ಲ, ಹಿಂಬದಿಯ ಬೆಳಕೂ ಇರಲಿಲ್ಲ. ಅಡ್ಡಕ್ಕೆ ೧೬೦, ಉದ್ದಕ್ಕೆ ೧೪೪ ಚುಕ್ಕೆಗಳು; ನಾಲ್ಕೇ ಛಾಯೆಗಳು. ಕೆಲಸಕ್ಕೆ ೮ ಕಿಲೋಬೈಟಿನ ಸ್ಮರಣಕೋಶ, ಚಿತ್ರಕ್ಕೆ ಪ್ರತ್ಯೇಕವಾಗಿ ಇನ್ನೊಂದು ೮ ಕಿಲೋಬೈಟು, ಶಕ್ತಿಗೆ ನಾಲ್ಕು ಸಣ್ಣ ಬ್ಯಾಟರಿಗಳು. ಇಷ್ಟೇ ಅದರ ಸಲಕರಣೆ.

ಆಟದ ಕ್ರಮವಿಧಿಯು ಕಾರ್ಟ್ರಿಜ್ ಎಂಬ ಬೇರೊಂದು ಡಬ್ಬಿಯಲ್ಲಿರುತ್ತಿತ್ತು. ಯಂತ್ರದ ಒಳಗೂ ೨೫೬ ಬೈಟುಗಳ ಒಂದು ಪುಟ್ಟ ಆರಂಭವಿಧಿಯಿತ್ತು. ಗುಂಡಿಯನ್ನು ಒತ್ತಿದೊಡನೆ ಅದು ಕಾರ್ಟ್ರಿಜ್ಜಿನಲ್ಲಿ ೪೮ ಬೈಟುಗಳಲ್ಲಿ ಅಡಗಿರುವ ನಿಂಟೆಂಡೊ ಲಾಂಛನವನ್ನು ತನ್ನಲ್ಲಿರುವ ಪ್ರತಿಯೊಡನೆ ತಾಳೆನೋಡುತ್ತಿತ್ತು. ಸರಿಹೊಂದಿದರೆ ಮಾತ್ರ ಆಟಕ್ಕೆ ದಾರಿಬಿಟ್ಟು, ಮತ್ತೆ ಯಾರೂ ಓದಲಾಗದಂತೆ ಮರೆಯಾಗುತ್ತಿತ್ತು.

೨

ಎಮ್ಯುಲೇಟರ್ ಎಂಬ ಮಾತು ಆಟದ ಲೋಕದಲ್ಲಿ ಹುಟ್ಟಿದ್ದಲ್ಲ. ೧೯೬೪ರಲ್ಲಿ ಐಬಿಎಂ ಸಂಸ್ಥೆಯು ಸಿಸ್ಟಮ್/೩೬೦ ಎಂಬ ಗಣಕಮಾಲೆಯನ್ನು ಪ್ರಕಟಿಸಿದಾಗ, ೧೪೦೧ ಮೊದಲಾದ ಹಳೆಯ ಯಂತ್ರಗಳಿಗಾಗಿ ಗಿರಾಕಿಗಳು ಬರೆಸಿಕೊಂಡಿದ್ದ ಕ್ರಮವಿಧಿಗಳ ಗತಿಯೇನೆಂಬ ಪ್ರಶ್ನೆ ಎದ್ದಿತು. ಹಳೆಯ ಯಂತ್ರದ ಆಜ್ಞೆಗಳನ್ನು ಹೊಸ ಯಂತ್ರವೇ ಪಾಲಿಸುವಂತೆ ಮಾಡಿದ ಏರ್ಪಾಟಿಗೆ ಎಮ್ಯುಲೇಟರ್ ಎಂಬ ಹೆಸರು ಬಂದಿತು. ಹಳೆಯದನ್ನು ಕಳೆದುಕೊಳ್ಳಬಾರದೆಂಬ ಅಪೇಕ್ಷೆಯೇ ಈ ತಂತ್ರದ ಮೂಲದಲ್ಲಿತ್ತೆಂಬುದನ್ನು ವಾಚಕರು ಗಮನಿಸಬೇಕು.

ಗೇಮ್ ಬಾಯ್ ಎಮ್ಯುಲೇಟರಿನ ಕೆಲಸವೂ ಇದೇ ಬಗೆಯದು. ಮೂಲಯಂತ್ರದ ಪ್ರೊಸೆಸರ್ ಆಜ್ಞೆಗಳನ್ನು ಒಂದೊಂದಾಗಿ ಎತ್ತಿಕೊಂಡು, ಅರ್ಥಮಾಡಿಕೊಂಡು, ನಡೆಸುತ್ತಿತ್ತು. ಎಮ್ಯುಲೇಟರ್ ಅದೇ ಆಜ್ಞೆಯನ್ನು ಓದಿ, ಅದಕ್ಕೆ ಸಮನಾದ ಕೆಲಸವನ್ನು ಗಣಕಯಂತ್ರದಿಂದ ಮಾಡಿಸುತ್ತದೆ. ಸ್ಮರಣಕೋಶ, ಚಿತ್ರ, ಧ್ವನಿ, ಗುಂಡಿಗಳು ಇವೆಲ್ಲಕ್ಕೂ ತಂತ್ರಾಂಶದಲ್ಲಿ ಪ್ರತಿರೂಪಗಳನ್ನು ಕಲ್ಪಿಸುತ್ತದೆ. ಇಲ್ಲಿ ಕಾಲದ ಲೆಕ್ಕವೇ ಕಠಿನವಾದುದು. ಮೂಲಯಂತ್ರದ ಗಡಿಯಾರ ಸೆಕೆಂಡಿಗೆ ಸುಮಾರು ೪೨ ಲಕ್ಷ ಸಲ ಬಡಿಯುತ್ತಿತ್ತು. ತೆರೆಯ ಒಂದು ಸಾಲಿಗೆ ೪೫೬ ಬಡಿತಗಳು. ಬಿಡುವಿನ ಹತ್ತು ಸಾಲುಗಳೂ ಸೇರಿ ಒಂದು ಚಿತ್ರಕ್ಕೆ ೧೫೪ ಸಾಲುಗಳು. ಹೀಗೆ ಸೆಕೆಂಡಿಗೆ ೬೦ಕ್ಕೆ ತುಸು ಕಡಮೆ ಚಿತ್ರಗಳು. ಒಂದು ಸಾಲು ಮೂಡುತ್ತಿರುವಾಗಲೇ ಮುಂದಿನ ಸಾಲಿನ ರೂಪವನ್ನು ಬದಲಿಸುವ ಆಟಗಳಿದ್ದುದರಿಂದ, ಲೆಕ್ಕ ತಪ್ಪಿದರೆ ಚಿತ್ರವೇ ಕೆಡುತ್ತಿತ್ತು.

೧೯೯೫ರಲ್ಲಿ ಮರಾಟ್ ಫೈಝುಲಿನ್ ಅವರು ವರ್ಚುಯಲ್ ಗೇಮ್‌ಬಾಯ್ ಎಂಬ ಎಮ್ಯುಲೇಟರನ್ನು ರಚಿಸತೊಡಗಿದರು. ಆ ಕಾಲದ ಎಮ್ಯುಲೇಟರುಗಳಿಗೆ ಯಂತ್ರದೊಳಗಿನ ೨೫೬ ಬೈಟುಗಳು ದೊರೆತಿರಲಿಲ್ಲ. ಆರಂಭವಿಧಿ ಮುಗಿದ ನಂತರ ಯಂತ್ರ ಯಾವ ಸ್ಥಿತಿಯಲ್ಲಿರುವುದೋ ಅಲ್ಲಿಂದಲೇ ಅವು ಆಟವನ್ನು ಪ್ರಾರಂಭಿಸುತ್ತಿದ್ದುವು. ೨೦೦೩ರಲ್ಲಿ ಹವ್ಯಾಸಿಯೊಬ್ಬರು ಚಿಪ್ಪಿನ ಹೊದಿಕೆಯನ್ನು ತೆಗೆದು, ಸೂಕ್ಷ್ಮದರ್ಶಕದಲ್ಲಿ ೨೦೪೮ ಬಿಟ್ಟುಗಳನ್ನೂ ಕಣ್ಣಿನಿಂದ ಓದಿ ಆ ವಿಧಿಯನ್ನು ಬೆಳಕಿಗೆ ತಂದರು. ಯಂತ್ರ ಹೊರಬಂದು ಹದಿನಾಲ್ಕು ವರ್ಷಗಳಾದ ಮೇಲೆ ನಡೆದ ಈ ಕಾರ್ಯವು ಸವೆದ ಶಾಸನದ ಅಕ್ಷರಗಳನ್ನು ಬಿಡಿಸುವ ವಿದ್ವಾಂಸರ ಶ್ರಮವನ್ನು ನೆನಪಿಗೆ ತರುತ್ತದೆ.

೩

ಆಟ ಹೇಗಾದರೂ ನಡೆದರೆ ಸಾಕೆಂಬುದು ಮೊದಲಿನವರ ಗುರಿಯಾಗಿತ್ತು. ಮೂಲದಲ್ಲಿ ನಡೆದಂತೆಯೇ ನಡೆಯಬೇಕೆಂಬುದು ಕ್ರಮೇಣ ಗುರಿಯಾಯಿತು. ಈ ಮಾರ್ಪಾಡಿಗೆ ೨೦೦೧ರಲ್ಲಿ ಬಂದ ಗೇಮ್ ಬಾಯ್ ಅಡ್ವಾನ್ಸ್ ಯಂತ್ರದ ಚರಿತ್ರೆಯಿಂದ ಒಂದು ನಿದರ್ಶನವನ್ನು ಕೊಡಬಹುದು. ನಿಂಟೆಂಡೊ ಸಂಸ್ಥೆಯು ೨೦೦೪ರಲ್ಲಿ ಆ ಯಂತ್ರಕ್ಕಾಗಿ ಕ್ಲಾಸಿಕ್ ಎನ್‌ಇಎಸ್ ಸೀರೀಸ್ ಎಂಬ ಮಾಲೆಯನ್ನು ಹೊರಡಿಸಿತು. ಮನೆಯ ಟೆಲಿವಿಷನ್ನಿಗೆ ಜೋಡಿಸಿ ಆಡುತ್ತಿದ್ದ ಸಂಸ್ಥೆಯ ಹಳೆಯ ಆಟಗಳೇ ಇವು. ಇವು ಕೈಯಂತ್ರದಲ್ಲಿ ನಡೆಯುತ್ತಿದ್ದುದೂ ಎಮ್ಯುಲೇಟರಿನ ಮೂಲಕವೇ. ಸ್ವಾರಸ್ಯವೆಂದರೆ, ಅನ್ಯರ ಎಮ್ಯುಲೇಟರುಗಳಲ್ಲಿ ನಡೆಯದಂತೆ ಇದೇ ಆಟಗಳಲ್ಲಿ ತಡೆಗಳನ್ನು ಹೂಡಲಾಗಿತ್ತು.

ಅಂಥ ಒಂದು ತಡೆಯ ಬಗೆ ಹೀಗಿದೆ. ಈ ಯಂತ್ರದ ಪ್ರೊಸೆಸರ್ ಒಂದು ಆಜ್ಞೆಯನ್ನು ನಡೆಸುತ್ತಿರುವಾಗಲೇ ಮುಂದಿನ ಆಜ್ಞೆಗಳನ್ನು ಎತ್ತಿಟ್ಟುಕೊಂಡಿರುತ್ತದೆ. ಆಟವು ತನಗೆ ತೀರ ಸಮೀಪದಲ್ಲಿರುವ ಆಜ್ಞೆಯನ್ನು ತಾನೇ ಅಳಿಸಿ ಬೇರೊಂದನ್ನು ಬರೆಯುತ್ತದೆ. ನಿಜವಾದ ಯಂತ್ರವು ಆಗಲೇ ಎತ್ತಿಟ್ಟುಕೊಂಡ ಹಳೆಯ ಆಜ್ಞೆಯನ್ನು ನಡೆಸಿದರೆ, ಸ್ಥೂಲವಾಗಿ ರಚಿಸಿದ ಎಮ್ಯುಲೇಟರ್ ಹೊಸದನ್ನು ನಡೆಸಿ ಸಿಕ್ಕಿಬೀಳುತ್ತದೆ. ೨೦೧೩ರಲ್ಲಿ ಆರಂಭವಾದ ಎಂಜಿಬಿಎ ಎಂಬ ಎಮ್ಯುಲೇಟರಿನ ಕರ್ತೃ ವಿಕಿ ಫೌ ಅವರು ಇಂಥ ತಡೆಗಳನ್ನು ಒಂದೊಂದಾಗಿ ಬಿಡಿಸಿ ವಿವರಿಸಿದ್ದಾರೆ. ತಡೆಯನ್ನು ದಾಟಲು ಯಂತ್ರದ ಸ್ವಭಾವವನ್ನೇ ಹೆಚ್ಚು ನಿಕಟವಾಗಿ ಅನುಸರಿಸಬೇಕಾಯಿತು. ಎಮ್ಯುಲೇಟರುಗಳನ್ನು ತಡೆಯಲು ಮಾಡಿದ ಉಪಾಯವು ಅವುಗಳ ನಿಷ್ಠೆಯನ್ನು ಪರೀಕ್ಷಿಸುವ ಒರೆಗಲ್ಲಾಗಿ ಪರಿಣಮಿಸಿತು.

೪

ಆದರೆ ಆಜ್ಞೆಗಳೆಲ್ಲ ಸರಿಯಾಗಿ ನಡೆದ ಮಾತ್ರಕ್ಕೆ ಆಟ ಪೂರ್ಣವಾಗಿ ದೊರೆಯಿತೆಂದು ಹೇಳಲಾಗದು. ಗೇಮ್ ಬಾಯ್ ತೆರೆಯ ಮೇಲೆ ಒಂದು ಚಿತ್ರ ಮಾಸುವ ಮುನ್ನವೇ ಮತ್ತೊಂದು ಮೂಡುತ್ತಿತ್ತು. ಈ ನಿಧಾನವನ್ನೇ ಬಳಸಿಕೊಂಡು, ಆಕೃತಿಯನ್ನು ಒಂದು ಚಿತ್ರ ಬಿಟ್ಟು ಒಂದರಲ್ಲಿ ತೋರಿಸಿ ಅದು ಪಾರದರ್ಶಕವೆಂಬ ಭ್ರಮೆಯನ್ನು ಹುಟ್ಟಿಸಿದ ಆಟಗಳುಂಟು. ಗಣಕಯಂತ್ರದ ಚುರುಕಾದ ತೆರೆಯಲ್ಲಿ ಅದೇ ಆಕೃತಿ ಬರಿದೇ ಮಿಣುಕುತ್ತದೆ. ಎಮ್ಯುಲೇಟರ್ ಎರಡು ಚಿತ್ರಗಳನ್ನು ಬೆರೆಸಿ ತೋರಿಸಿದಾಗಲೇ ಮೂಲದ ನೋಟ ತಕ್ಕಮಟ್ಟಿಗೆ ಮರಳುತ್ತದೆ.

೨೦೦೩ರಲ್ಲಿ ಕೊನಾಮಿ ಸಂಸ್ಥೆ ಪ್ರಕಟಿಸಿದ ಬೊಕ್ಟಾಯ್ ಎಂಬ ಆಟದ ಸಂಗತಿ ಇನ್ನೂ ವಿಶಿಷ್ಟವಾದುದು. ಅದರ ಕಾರ್ಟ್ರಿಜ್ಜಿನಲ್ಲಿ ಸೂರ್ಯನ ಬೆಳಕನ್ನು ಅಳೆಯುವ ಸಾಧನವಿತ್ತು. ರಕ್ತಪಿಶಾಚಿಗಳನ್ನು ಎದುರಿಸುವ ಆಯುಧಕ್ಕೆ ಬಿಸಿಲಿನಿಂದ ಬಲ ಬರಬೇಕಾಗಿದ್ದುದರಿಂದ, ಆಡುವವನು ಮನೆಯಿಂದ ಹೊರಗೆ ಹೋಗಬೇಕಾಗಿತ್ತು. ಎಮ್ಯುಲೇಟರಿನಲ್ಲಿ ಬಿಸಿಲನ್ನು ಏರಿಸುವುದೂ ಇಳಿಸುವುದೂ ಒಂದು ಗುಂಡಿಯ ಕೆಲಸ. ನಿಂಟೆಂಡೊ ಡಿಎಸ್ ಎಂಬ ಮಡಚುವ ಯಂತ್ರಕ್ಕೆ ೨೦೦೭ರಲ್ಲಿ ಬಂದ ಫ್ಯಾಂಟಮ್ ಅವರ್‌ಗ್ಲಾಸ್ ಆಟದಲ್ಲಿ, ಒಂದು ತೆರೆಯ ಗುರುತನ್ನು ಇನ್ನೊಂದರ ನಕ್ಷೆಗೆ ಒತ್ತಲು ಯಂತ್ರವನ್ನೇ ಮುಚ್ಚಿ ತೆರೆಯಬೇಕು. ಗಣಕದಲ್ಲಿ ಅದು ಪಟ್ಟಿಯಿಂದ ಆರಿಸುವ ಒಂದು ಸೂಚನೆ ಮಾತ್ರ. ಕ್ರಮವಿಧಿ ಎರಡು ಕಡೆಯೂ ಒಂದೇ. ಕೈಯ ಅನುಭವ ಬೇರೆ.

೫

ಹೀಗಿರಲು ಮೂಲಯಂತ್ರವನ್ನೇ ಏಕೆ ಆಶ್ರಯಿಸಬಾರದೆಂದು ಕೇಳಬಹುದು. ಆ ಯಂತ್ರಗಳು ಹಳತಾಗುತ್ತಿವೆ. ಆಟದ ಮುನ್ನಡೆಯನ್ನು ಕಾಪಿಡುತ್ತಿದ್ದ ಕಾರ್ಟ್ರಿಜ್ಜಿನ ಗುಂಡು ಬ್ಯಾಟರಿ ಬರಿದಾದರೆ ಅದರಲ್ಲಿದ್ದುದೆಲ್ಲ ಅಳಿಯುತ್ತದೆ. ಮಾರುಕಟ್ಟೆಯ ಸ್ಥಿತಿಯೂ ಆಶಾದಾಯಕವಾಗಿಲ್ಲ. ವಿಡಿಯೊ ಗೇಮ್ ಹಿಸ್ಟರಿ ಫೌಂಡೇಷನ್ ೨೦೨೩ರಲ್ಲಿ ಪ್ರಕಟಿಸಿದ ಅಧ್ಯಯನದಂತೆ, ೨೦೧೦ಕ್ಕೆ ಮೊದಲು ಅಮೆರಿಕದಲ್ಲಿ ಬಿಡುಗಡೆಯಾದ ಆಟಗಳ ಪೈಕಿ ನೂರಕ್ಕೆ ೮೭ ಮಾರಾಟದಲ್ಲಿರಲಿಲ್ಲ. ಗೇಮ್ ಬಾಯ್ ಕುಟುಂಬದ ಆಟಗಳಲ್ಲಿ ದೊರೆಯುತ್ತಿದ್ದುವು ನೂರಕ್ಕೆ ಆರಕ್ಕಿಂತ ಕಡಮೆ. ಅದೇ ವರ್ಷದ ಮಾರ್ಚಿಯಲ್ಲಿ ನಿಂಟೆಂಡೊ ೩ಡಿಎಸ್ ಯಂತ್ರದ ಅಂತರ್ಜಾಲದ ಅಂಗಡಿಯಲ್ಲಿ ಮಾರಾಟ ನಿಂತಿತು.

ಕಾನೂನಿನ ಸ್ಥಿತಿ ಇಬ್ಬಗೆಯಾದುದು. ಸೋನಿ ಮತ್ತು ಕನೆಕ್ಟಿಕ್ಸ್ ಸಂಸ್ಥೆಗಳ ವ್ಯಾಜ್ಯದಲ್ಲಿ ಅಮೆರಿಕದ ಮೇಲ್ಮನವಿ ನ್ಯಾಯಾಲಯವು ೨೦೦೦ದಲ್ಲಿ, ಎಮ್ಯುಲೇಟರನ್ನು ರಚಿಸುವುದಕ್ಕಾಗಿ ಮೂಲಯಂತ್ರದ ಆಂತರಿಕ ಕ್ರಮವಿಧಿಯನ್ನು ನಕಲಿಸಿಕೊಂಡು ಪರಿಶೀಲಿಸಿದುದು ನ್ಯಾಯಸಮ್ಮತ ಬಳಕೆಯೆಂದು ತೀರ್ಮಾನಿಸಿತು. ನಮ್ಮ ೧೯೫೭ರ ಕೃತಿಸ್ವಾಮ್ಯ ಅಧಿನಿಯಮದ ೫೨ನೆಯ ಪ್ರಕರಣವೂ ಕ್ರಮವಿಧಿಯ ಹಿಂದಿನ ತತ್ತ್ವಗಳನ್ನು ಅರಿಯಲು ಅದರ ಕಾರ್ಯವನ್ನು ಪರಿಶೀಲಿಸುವುದಕ್ಕೆ ಅವಕಾಶವಿತ್ತಿದೆ. ಆದರೆ ಆಟವೇ ಬೇರೆ, ಎಮ್ಯುಲೇಟರೇ ಬೇರೆ. ಅನ್ಯರ ಆಟವನ್ನು ಅನುಮತಿಯಿಲ್ಲದೆ ನಕಲುಮಾಡಿ ಹಂಚುವುದಕ್ಕೆ ಈ ರಕ್ಷಣೆ ಅನ್ವಯಿಸುವುದಿಲ್ಲ. ನಿಂಟೆಂಡೊ ಹೂಡಿದ ದಾವೆಯಿಂದ ೨೦೨೪ರಲ್ಲಿ ಯುಝು ಎಂಬ ಎಮ್ಯುಲೇಟರಿನ ಕೆಲಸ ನಿಂತು, ಅದರ ಕರ್ತೃಗಳು ೨೪ ಲಕ್ಷ ಡಾಲರುಗಳನ್ನು ತೆರಲು ಒಪ್ಪಬೇಕಾಯಿತು. ಮಾರಾಟದಲ್ಲಿಲ್ಲದ ಆಟಗಳನ್ನು ಗ್ರಂಥಾಲಯಗಳು ದೂರದ ಸಂಶೋಧಕರಿಗೆ ಒದಗಿಸಲು ಕೇಳಿದ ವಿನಾಯಿತಿಯನ್ನು ಅದೇ ವರ್ಷದ ಅಕ್ಟೋಬರಿನಲ್ಲಿ ಅಮೆರಿಕದ ಕೃತಿಸ್ವಾಮ್ಯ ಕಚೇರಿ ನಿರಾಕರಿಸಿತು. ಹೀಗೆ ಸಂಶೋಧಕನ ಕೈಗೆ ಓದುವ ಸಾಧನವು ಸಿಕ್ಕುತ್ತದೆ, ಓದಬೇಕಾದ ಗ್ರಂಥವು ಸುಲಭವಾಗಿ ಸಿಕ್ಕುವುದಿಲ್ಲ.

ಮೇಲಿನ ವಿವೇಚನೆಯಿಂದ ನಮಗೆ ತೋರುವುದಿಷ್ಟು. ಎಮ್ಯುಲೇಟರಿನಲ್ಲಿ ಕಾಣುವ ಆಟವನ್ನು ಮೂಲವೆಂದೇ ಭಾವಿಸುವುದು ತಪ್ಪು. ನಕಲೆಂದು ತಳ್ಳಿಹಾಕುವುದೂ ತಪ್ಪು. ಅದನ್ನು ಒಂದು ಸಂಪಾದಿತ ಪಾಠವೆಂದು ತಿಳಿಯುವುದು ಯುಕ್ತ. ಹಸ್ತಪ್ರತಿಯ ಪಾಠವನ್ನು ಉದಾಹರಿಸುವಾಗ ಸಂಪಾದಕರನ್ನೂ ಮುದ್ರಣವನ್ನೂ ಹೇಳುವಂತೆ, ಇಲ್ಲಿಯೂ ಎಮ್ಯುಲೇಟರಿನ ಹೆಸರು, ಆವೃತ್ತಿ ಹಾಗೂ ತೆರೆ, ವೇಗಗಳ ವಿಷಯದಲ್ಲಿ ಮಾಡಿಕೊಂಡ ಏರ್ಪಾಡುಗಳನ್ನು ವಿದ್ಯಾರ್ಥಿಗಳು ದಾಖಲಿಸತಕ್ಕದ್ದು. ಸಾಧ್ಯವಾದಲ್ಲಿ ಒಮ್ಮೆಯಾದರೂ ಮೂಲಯಂತ್ರದೊಡನೆ ಹೋಲಿಸಿ ನೋಡತಕ್ಕದ್ದು. ಅದಕ್ಕೆ ಅನುಕೂಲವಾಗುವಂತೆ, ಸುಸ್ಥಿತಿಯಲ್ಲಿರುವ ಕೆಲವು ಯಂತ್ರಗಳನ್ನಾದರೂ ವಸ್ತುಸಂಗ್ರಹಾಲಯಗಳು ಈಗಲೇ ಕೂಡಿಡುವುದು ಅವಶ್ಯಕ. ತಡಮಾಡಿದರೆ ಪಾಠವನ್ನು ತಾಳೆನೋಡಲು ಮೂಲವೇ ಉಳಿಯಲಾರದು.