ಮುಂಬಯಿಯ ಕಂದಾಯ ವ್ಯಾಜ್ಯಗಳು ಮತ್ತು ಕಾಣೆಯಾದ ದಾಖಲೆಗಳು

ಮುಂಬಯಿ ಹೈಕೋರ್ಟು 1862ರಲ್ಲಿಯೇ ಸ್ಥಾಪನೆಗೊಂಡರೂ, ಕಂದಾಯದ ವಿಷಯದಲ್ಲಿ ಅದರ ಮೂಲ ಅಧಿಕಾರಕ್ಕೆ, ಅಂದರೆ ಮೊದಲ ಹಂತದಲ್ಲಿಯೇ ದಾವೆ ಆಲಿಸುವ ಅಧಿಕಾರಕ್ಕೆ, ವಸಾಹತು ಕಾಲದ ಶಾಸನಗಳು ಒಡ್ಡಿದ್ದ ತಡೆಯನ್ನು 1950ರಲ್ಲಿ ಸಂವಿಧಾನದ 225ನೆಯ ವಿಧಿ ತೆಗೆದುಹಾಕಿತು. ಅಂದಿನಿಂದ 226ನೆಯ ವಿಧಿಯಡಿ ಸಲ್ಲಿಕೆಯಾಗುವ ರಿಟ್ ಅರ್ಜಿಯು, ಅಂದರೆ ಸರ್ಕಾರದ ತೀರ್ಮಾನ ಕಾನೂನುಬದ್ಧವೇ ಎಂದು ಪರಿಶೀಲಿಸಬೇಕೆಂಬ ಕೋರಿಕೆಯು, ಬಹುಮಟ್ಟಿಗೆ ಕಾಗದಪತ್ರಗಳ ಆಧಾರದ ಮೇಲೆಯೇ ನಿರ್ಣಯವಾಗುತ್ತದೆ. ಪ್ರಶ್ನಿತ ಆದೇಶದ ಪ್ರತಿ, ನಮ್ಮ ಪಹಣಿಯನ್ನು ಹೋಲುವ ಸಾತ್‌ಬಾರಾ, ನಗರದ ಆಸ್ತಿಯ ವಿವರ ತೋರಿಸುವ ಪ್ರಾಪರ್ಟಿ ಕಾರ್ಡ್ ಇವುಗಳಲ್ಲಿ ಒಂದು ಇಲ್ಲದಿದ್ದರೂ ವಾದ ಸೊರಗುತ್ತದೆ. 2012ರ ಜೂನ್ 21ರಂದು ರಾಜ್ಯದ ಆಡಳಿತ ಕಚೇರಿಯಾದ ಮಂತ್ರಾಲಯಕ್ಕೆ ಬೆಂಕಿ ಬಿದ್ದು ಅಪಾರ ಕಡತಗಳು ಸುಟ್ಟುಹೋದಾಗ ಈ ದೌರ್ಬಲ್ಯ ಬಯಲಾಯಿತು. ಕಡತಗಳನ್ನು ಕಾಪಾಡುವುದು ಸರ್ಕಾರದ ಹೊಣೆಯಾಗಿರುವುದರಿಂದ, ಅವು ಕಳೆದುಹೋದ ನಷ್ಟವನ್ನು ಅರ್ಜಿದಾರನ ತಲೆಗೆ ಕಟ್ಟುವುದು ನ್ಯಾಯವಲ್ಲ.