ಏಳು ಪದಗಳನ್ನು ಬಿಟ್ಟುಕೊಟ್ಟವರು



ಇಂಡೋನೇಷ್ಯಾದ ಜಕಾರ್ತ ನಗರದಲ್ಲಿ ಒಂದು ಬೀದಿಯ ಈ ಬದಿಗೆ ಮಾತೆ ಮರಿಯಮ್ಮನವರಿಗೆ ಸಮರ್ಪಿತವಾದ ಕಥೋಲಿಕ ಪ್ರಧಾನಾಲಯವಿದೆ. ಆ ಬದಿಗೆ ಇಸ್ತಿಕ್ಲಾಲ್ ಮಸೀದಿಯಿದೆ. ಇಸ್ತಿಕ್ಲಾಲ್ ಎಂದರೆ ಸ್ವಾತಂತ್ರ್ಯ. 1978ರಲ್ಲಿ ಉದ್ಘಾಟನೆಗೊಂಡ ಈ ಭವ್ಯ ಮಸೀದಿಯ ನಕ್ಷೆ ಬರೆದವರು ಫ್ರೆಡ್ರಿಕ್ ಸಿಲಬಾನ್ ಎಂಬ ಪ್ರೊಟೆಸ್ಟೆಂಟ್ ಕ್ರೈಸ್ತರು. ಕ್ರಿಸ್ಮಸ್ ರಾತ್ರಿ ಪ್ರಧಾನಾಲಯಕ್ಕೆ ಬರುವವರ ವಾಹನಗಳಿಗೆ ಮಸೀದಿಯವರು ತಮ್ಮ ಅಂಗಳವನ್ನು ತೆರೆದಿಡುತ್ತಾರೆ.

ಈ ನೆರೆಹೊರೆ ತಾನಾಗಿ ಬೆಳೆದು ಬಂದದ್ದಲ್ಲ. ಹದಿನೇಳು ಸಾವಿರಕ್ಕೂ ಹೆಚ್ಚು ದ್ವೀಪಗಳ ಈ ನಾಡಿನಲ್ಲಿ ನೂರಕ್ಕೆ ಸುಮಾರು 87 ಮಂದಿ ಮುಸ್ಲಿಮರು, ಕಥೋಲಿಕರು ಸುಮಾರು ಮೂವರು ಮಾತ್ರ. ಕಾಲ ಬದಲಾದಂತೆ ಅಲ್ಲಿಯ ಮುಸ್ಲಿಂ ಸಮಾಜ ತನ್ನ ವಿಶ್ವಾಸವನ್ನು ಬಿಡದೆಯೇ ಹೇಗೆ ಬದಲಾಯಿತು, ಅದಕ್ಕಾಗಿ ಏನನ್ನು ತೆತ್ತಿತು ಎಂಬುದನ್ನು ನಾವು ತಿಳಿದುಕೊಳ್ಳುವುದು ಒಳ್ಳೆಯದು.

ಮೊದಲು ಶಾಲೆಯ ವಿಷಯ ನೋಡೋಣ. ಡಚ್ಚರು ಆಳುತ್ತಿದ್ದ ಕಾಲದಲ್ಲಿ, 1912ರಲ್ಲಿ, ಅಹ್ಮದ್ ದಹ್ಲಾನ್ ಎಂಬ ಧಾರ್ಮಿಕ ಗುರುಗಳು ಯೋಗ್ಯಕರ್ತ ನಗರದಲ್ಲಿ ಮುಹಮ್ಮದಿಯಾ ಎಂಬ ಸಂಸ್ಥೆಯನ್ನು ಕಟ್ಟಿದರು. ಮೆಕ್ಕಾದಲ್ಲಿ ಕಲಿತು ಬಂದಿದ್ದ ಅವರು ಮಕ್ಕಳನ್ನು ಬೆಂಚಿನ ಮೇಲೆ ಕೂರಿಸಿ, ಕಪ್ಪುಹಲಗೆಯ ಮುಂದೆ ನಿಂತು ಕುರಾನಿನ ಜೊತೆಗೆ ಲೆಕ್ಕವನ್ನೂ ಲೋಕವಿದ್ಯೆಯನ್ನೂ ಕಲಿಸಿದರು. ಇದು ಪರಕೀಯರ ಅನುಕರಣೆಯೆಂದು ನಿಂದಿಸಿದವರು ಹಲವರು. ಅದಕ್ಕೂ ಮುಂಚೆ, ಪ್ರಾರ್ಥನೆಯ ದಿಕ್ಕನ್ನು ಸರಿಪಡಿಸಬೇಕೆಂದು ಹೇಳಿದ್ದಕ್ಕಾಗಿ ಅವರ ಪ್ರಾರ್ಥನಾಗೃಹವನ್ನೇ ಕೆಡವಲಾಗಿತ್ತು. ಆದರೂ ಅವರು ಸೋಲಲಿಲ್ಲ. 1917ರಲ್ಲಿ ಮಹಿಳೆಯರಿಗಾಗಿ ಆಯಿಶಿಯಾ ಸಂಘ ಹುಟ್ಟಿತು. 1923ರಲ್ಲಿ ಚಿಕಿತ್ಸಾಲಯ ತೆರೆಯಿತು. ಇಂದು ಮುಹಮ್ಮದಿಯಾ ನೂರಕ್ಕೂ ಹೆಚ್ಚು ಆಸ್ಪತ್ರೆಗಳನ್ನು ನಡೆಸುತ್ತಿದೆ. ಕ್ರೈಸ್ತರೇ ಹೆಚ್ಚಾಗಿರುವ ಕುಪಾಂಗ್ ನಗರದಲ್ಲಿ ಅದರ ವಿಶ್ವವಿದ್ಯಾನಿಲಯದ ವಿದ್ಯಾರ್ಥಿಗಳಲ್ಲಿ ಬಹುಪಾಲು ಕ್ರೈಸ್ತರೇ ಆಗಿದ್ದಾರೆ.

ಸಂಪ್ರದಾಯವನ್ನು ಹೆಚ್ಚಾಗಿ ಪಾಲಿಸುವ ಉಲೇಮಾಗಳು 1926ರಲ್ಲಿ ನಹ್ದ್ಲತುಲ್ ಉಲಮಾ ಎಂಬ ಮತ್ತೊಂದು ಸಂಸ್ಥೆಯನ್ನು ಸ್ಥಾಪಿಸಿದರು. ಸ್ವತಂತ್ರ ದೇಶದ ರೂಪ ಹೇಗಿರಬೇಕೆಂಬ ಪ್ರಶ್ನೆ ಬಂದಾಗ ಈ ಎರಡೂ ಸಂಸ್ಥೆಗಳ ಮಾತಿಗೆ ಬಹಳ ತೂಕವಿತ್ತು.

ಆ ಪ್ರಶ್ನೆ 1945ರಲ್ಲಿ ಬಂತು. ಜೂನ್ 1ರಂದು ಸುಕರ್ನೋ ಅವರು ರಾಷ್ಟ್ರಕ್ಕೆ ಐದು ತತ್ವಗಳ ತಳಹದಿಯನ್ನು ಸೂಚಿಸಿ ಅದನ್ನು ಪಂಚಶೀಲವೆಂದು ಕರೆದರು. ನಮಗೆ ಪರಿಚಿತವಾದ ಸಂಸ್ಕೃತದ ಪದವೇ ಅದು. ಜೂನ್ 22ರಂದು ಎಂಟು ಮುಸ್ಲಿಂ ನಾಯಕರೂ ಒಬ್ಬ ಕ್ರೈಸ್ತ ನಾಯಕರೂ ಸೇರಿ ಸಂವಿಧಾನದ ಪೀಠಿಕೆಗೆ ಒಂದು ಕರಡು ಸಿದ್ಧಪಡಿಸಿದರು. ದೇವರಲ್ಲಿ ವಿಶ್ವಾಸ ಎಂಬ ತತ್ವದ ಜೊತೆಗೆ, ಮುಸ್ಲಿಮರು ಶರಿಯತ್ತನ್ನು ಪಾಲಿಸುವ ಹೊಣೆ ಹೊಂದಿರುತ್ತಾರೆ ಎಂಬ ಮಾತು ಅದರಲ್ಲಿ ಸೇರಿತ್ತು. ಅವರ ಭಾಷೆಯಲ್ಲಿ ಅದು ಕೇವಲ ಏಳು ಪದ.

ಆಗಸ್ಟ್ 17ರಂದು ಸ್ವಾತಂತ್ರ್ಯ ಘೋಷಣೆಯಾಯಿತು. ಆ ಏಳು ಪದಗಳು ಉಳಿದರೆ ಪೂರ್ವದ ದ್ವೀಪಗಳ ಕ್ರೈಸ್ತರು ಹೊಸ ದೇಶದೊಳಗೆ ಇರಲೊಪ್ಪರು ಎಂಬ ಸುದ್ದಿ ಅಂದು ಸಂಜೆಯೇ ಮೊಹಮ್ಮದ್ ಹತ್ತಾ ಅವರನ್ನು ತಲುಪಿತು. ಮರುದಿನ ಬೆಳಿಗ್ಗೆ ಅವರು ಮುಸ್ಲಿಂ ನಾಯಕರೊಡನೆ ಮಾತನಾಡಿದರು. ಮುಹಮ್ಮದಿಯಾದ ಮುಖ್ಯಸ್ಥ ಕಿ ಬಾಗುಸ್ ಹಾದಿಕುಸುಮೋ ಅವರಿಗೆ ಅದು ಬಲು ಕಠಿಣವಾದ ಘಳಿಗೆ. ಕೊನೆಗೆ ಏಳು ಪದಗಳನ್ನು ತೆಗೆದು, ಏಕೈಕ ದೇವರಲ್ಲಿ ವಿಶ್ವಾಸ ಎಂದು ಬರೆಯಲು ಅವರು ಒಪ್ಪಿದರು. ರಾಷ್ಟ್ರಾಧ್ಯಕ್ಷರು ಮುಸ್ಲಿಮರೇ ಆಗಿರಬೇಕೆಂಬ ಷರತ್ತೂ ಹೋಯಿತು. ಬಹುಸಂಖ್ಯಾತರು ಅಲ್ಪಸಂಖ್ಯಾತರಿಗಾಗಿ ತಮ್ಮ ಹಕ್ಕೆಂದು ತಿಳಿದಿದ್ದನ್ನು ಬಿಟ್ಟುಕೊಟ್ಟ ದಿನ ಅದು.

ಆ ತ್ಯಾಗದ ನೋವು ಒಂದೇ ದಿನಕ್ಕೆ ಮುಗಿಯಲಿಲ್ಲ. ಇಸ್ಲಾಮಿಕ್ ರಾಜ್ಯವೇ ಬೇಕೆಂದು 1949ರಲ್ಲಿ ಆರಂಭವಾದ ದಂಗೆ 1962ರವರೆಗೂ ರಕ್ತ ಹರಿಸಿತು. ಹೊಸ ಸಂವಿಧಾನ ಬರೆಯಲು ಚುನಾಯಿತರಾದವರು ಇದೇ ಪ್ರಶ್ನೆಯ ಮೇಲೆ ವಾದಿಸಿ ಒಮ್ಮತಕ್ಕೆ ಬಾರದೆ ಹೋದುದರಿಂದ, 1959ರಲ್ಲಿ ಸುಕರ್ನೋ ಅವರು ಹಳೆಯ ಸಂವಿಧಾನವನ್ನೇ ಮತ್ತೆ ಜಾರಿಗೆ ತಂದರು. ಮುಂದೆ ಸುಹಾರ್ತೋ ಅವರ ಸರ್ಕಾರ ಪಂಚಶೀಲವನ್ನು ಬಲವಂತದಿಂದಲೂ ಹೇರಿತು. ಹೇರಿದ್ದು ಹೃದಯಕ್ಕೆ ಇಳಿಯಬೇಕಾದರೆ ಸ್ವಂತ ಗುರುಗಳ ಮಾತು ಬೇಕಾಗುತ್ತದೆ. 1984ರಲ್ಲಿ ಸಿತುಬೊಂದೋ ಎಂಬಲ್ಲಿ ಸೇರಿದ ನಹ್ದ್ಲತುಲ್ ಉಲಮಾ ಮಹಾಸಭೆ ಪಂಚಶೀಲವನ್ನು ಅಂಗೀಕರಿಸಿತು. ಅದರ ಹಿರಿಯ ಗುರು ಅಹ್ಮದ್ ಸಿದ್ದಿಕ್ ಅವರು ಮೂರು ಸೋದರತ್ವಗಳನ್ನು ಬೋಧಿಸಿದರು: ಮುಸ್ಲಿಮರೊಳಗಿನ ಸೋದರತ್ವ, ಒಂದೇ ನಾಡಿನವರ ಸೋದರತ್ವ, ಮಾನವರೆಲ್ಲರ ಸೋದರತ್ವ.

1998ರಲ್ಲಿ ಸುಹಾರ್ತೋ ಅವರು ಪದತ್ಯಾಗ ಮಾಡಿದರು. ಇನ್ನು ಬಲವಂತವಿರಲಿಲ್ಲ. ಏಳು ಪದಗಳನ್ನು ಮರಳಿ ಸೇರಿಸಬೇಕೆಂದು ಕೆಲವು ಪಕ್ಷಗಳು ಕೇಳಿದಾಗ, ನಹ್ದ್ಲತುಲ್ ಉಲಮಾ ಮತ್ತು ಮುಹಮ್ಮದಿಯಾ ಎರಡೂ ಬೇಡವೆಂದವು. 2002ರಲ್ಲಿ ಆ ಬೇಡಿಕೆ ಬಿದ್ದುಹೋಯಿತು. ಅಂದು ಒತ್ತಡದಲ್ಲಿ ಬಿಟ್ಟುಕೊಟ್ಟದ್ದನ್ನು ಇಂದು ಸ್ವಂತ ಮನಸ್ಸಿನಿಂದ ಬಿಟ್ಟುಕೊಟ್ಟಂತಾಯಿತು.

ಆದರೆ ಕಾಗದದ ಮೇಲಿನ ಒಪ್ಪಂದವನ್ನು ಕಾಯಲು ಮನುಷ್ಯರು ಬೇಕು. 2000ದ ಕ್ರಿಸ್ಮಸ್ ಮುನ್ನಾದಿನದ ರಾತ್ರಿ ಉಗ್ರರು ಹಲವು ನಗರಗಳ ಚರ್ಚುಗಳಲ್ಲಿ ಬಾಂಬುಗಳನ್ನಿಟ್ಟರು. ಪೂರ್ವ ಜಾವಾದ ಮೊಜೊಕೆರ್ತೋ ಪಟ್ಟಣದ ಒಂದು ಪ್ರೊಟೆಸ್ಟೆಂಟ್ ಚರ್ಚಿನ ಕಾವಲಿಗೆ ನಹ್ದ್ಲತುಲ್ ಉಲಮಾದ ಯುವಕರು ನಿಂತಿದ್ದರು. ಅವರಲ್ಲಿ ರಿಯಾಂತೋ ಎಂಬ 25 ವರ್ಷದ ಮುಸ್ಲಿಂ ತರುಣ, ಸಿಕ್ಕಿದ ಬಾಂಬನ್ನು ಜನರಿಂದ ದೂರ ಹೊರಗೆ ಒಯ್ದ. ಅದು ಸಿಡಿದು ಅವನು ಪ್ರಾಣಬಿಟ್ಟ. ಒಳಗಿದ್ದವರು ಉಳಿದರು. ಆ ಪಟ್ಟಣದ ಒಂದು ಬೀದಿಗೆ ಇಂದು ಅವನ ಹೆಸರಿದೆ. ಸ್ನೇಹಿತರಿಗಾಗಿ ಪ್ರಾಣವನ್ನೇ ಧಾರೆಯೆರೆಯುವ ಪ್ರೀತಿಯ ಬಗ್ಗೆ ಪ್ರಭು ಯೇಸು ನಮಗೆ ಬೋಧಿಸಿದ್ದಾರೆ. ಆ ಪ್ರೀತಿಯನ್ನು ಅಂದು ನಡೆದು ತೋರಿಸಿದವನು ಶುಭಸಂದೇಶವನ್ನು ಓದಿ ಬೆಳೆದವನಲ್ಲ.

ಎಲ್ಲವೂ ಸರಿಹೋಗಿದೆ ಎಂದು ನಾವು ಹೇಳಲಾರೆವು. ಹೊಸ ದೇವಾಲಯ ಕಟ್ಟಲು 90 ಭಕ್ತರ ಹೆಸರೂ 60 ನೆರೆಹೊರೆಯವರ ಒಪ್ಪಿಗೆಯೂ ಬೇಕೆಂಬ 2006ರ ನಿಯಮದಿಂದ ಹಲವೆಡೆ ಚಿಕ್ಕ ಸಭೆಗಳು ಬಹಳ ಕಷ್ಟಪಟ್ಟವು. 2018ರ ಮೇ ತಿಂಗಳಲ್ಲಿ ಸುರಬಾಯ ನಗರದ ಕಥೋಲಿಕ ದೇವಾಲಯವೂ ಸೇರಿ ಮೂರು ಚರ್ಚುಗಳ ಮೇಲೆ ದಾಳಿಯಾಯಿತು. ಅದರ ಮರುವರ್ಷ, 2019ರಲ್ಲಿ, ನಹ್ದ್ಲತುಲ್ ಉಲಮಾದ ಧರ್ಮಪಂಡಿತರು ಮುಸ್ಲಿಮೇತರರನ್ನು ಕಾಫಿರರೆಂದು ಕರೆಯದೆ ಸಹನಾಗರಿಕರೆಂದು ಕಾಣಬೇಕೆಂದು ಹೇಳಿದರು. ಅಂದರೆ ಬದಲಾವಣೆ ಒಮ್ಮೆ ಆಗಿ ನಿಲ್ಲುವುದಲ್ಲ. ಪ್ರತಿ ತಲೆಮಾರೂ ಅದನ್ನು ಹೊಸದಾಗಿ ಆರಿಸಿಕೊಳ್ಳಬೇಕು.

ನಾವೂ ಕಲಿತವರೇ. ಮುಸ್ಲಿಮರನ್ನು ಗೌರವದಿಂದ ಕಾಣಬೇಕೆಂದು ದ್ವಿತೀಯ ವ್ಯಾಟಿಕನ್ ಮಹಾಸಭೆ 1965ರಲ್ಲಿ ಹೇಳುವ ಮುನ್ನ ನಮ್ಮ ಧರ್ಮಸಭೆಯೂ ದೀರ್ಘ ದಾರಿ ಸವೆಸಬೇಕಾಯಿತು. 2024ರ ಸೆಪ್ಟೆಂಬರ್ 5ರಂದು ಜಗದ್ಗುರು ಫ್ರಾನ್ಸಿಸರು ಇಸ್ತಿಕ್ಲಾಲ್ ಮಸೀದಿಗೆ ಭೇಟಿಯಿತ್ತು, ಮಸೀದಿಗೂ ಪ್ರಧಾನಾಲಯಕ್ಕೂ ನಡುವಿನ ಸುರಂಗಮಾರ್ಗವನ್ನು ಆಶೀರ್ವದಿಸಿದರು. ಪ್ರಧಾನ ಇಮಾಮ್ ನಸರುದ್ದೀನ್ ಉಮರ್ ಅವರು ಬಾಗಿ ಜಗದ್ಗುರುಗಳ ಶಿರಕ್ಕೆ ಮುತ್ತಿಟ್ಟರು. ಜಗದ್ಗುರುಗಳು ಇಮಾಮರ ಕೈಗೆ ಮುತ್ತಿಟ್ಟರು.

ಈ ಕ್ರಿಸ್ಮಸ್ ರಾತ್ರಿ ಗೋದಲಿಯ ಮುಂದೆ ಮಕ್ಕಳೊಡನೆ ಮೊಣಕಾಲೂರುವಾಗ ರಿಯಾಂತೋನ ಕಥೆಯನ್ನು ಅವರಿಗೆ ಹೇಳೋಣ. ನೆರೆಯವರ ನೆಮ್ಮದಿಗಾಗಿ ನಮ್ಮದೆಂದುಕೊಂಡ ಯಾವ ಏಳು ಪದಗಳನ್ನು ನಾವು ಬಿಟ್ಟುಕೊಡಬಲ್ಲೆವು ಎಂದು ನಮ್ಮನ್ನು ನಾವೇ ಕೇಳಿಕೊಳ್ಳೋಣ.